ಬೆಳ್ತಂಗಡಿಯ ಲೀಲಾವತಿ: ಇದಿರು ಪಾತ್ರದ ಸೊಗಸು

ಬಂಟ್ವಾಳದ ನಮ್ಮ ದೊಡ್ಡಮ್ಮನ ಮನೆಯಲ್ಲಿ ಟಿ.ವಿ. ಇದ್ದದ್ದು ಚಾವಡಿಯ ಮೂಲೆಯಲ್ಲಿ. ಭಾನುವಾರ ಸಂಜೆ ದೂರದರ್ಶನದಲ್ಲಿ ಕನ್ನಡ ಸಿನಿಮಾ ಶುರುವಾಗುವ ಹೊತ್ತಿಗೆ ಆಸುಪಾಸಿನ ನಾಲ್ಕಾರು ಹೆಂಗಸರು ಬೀಡಿಯ ತಡ್ಪೆ ಎತ್ತಿಕೊಂಡೇ ಬಂದು ಕೂರುತ್ತಿದ್ದರು. ಕಣ್ಣು ಪರದೆಯ ಮೇಲೆ, ಬೆರಳು ಎಲೆಯ ಮೇಲೆ. ಕತ್ತರಿಸಿದ ಎಲೆಗೆ ಹೊಗೆಸೊಪ್ಪಿನ ಪುಡಿ ಹಾಕಿ, ಸುರುಳಿ ಸುತ್ತಿ, ತುದಿ ಮಡಚಿ, ನೂಲು ಬಿಗಿಯುವುದಕ್ಕೆ ಅವರಿಗೆ ಕಣ್ಣು ಬೇಕಿರಲಿಲ್ಲ. ನಾಯಕ ಹತ್ತು ಮಂದಿಯನ್ನು ಹೊಡೆದುರುಳಿಸಿದರೂ ಆ ಬೆರಳುಗಳು ನಿಲ್ಲುತ್ತಿರಲಿಲ್ಲ.

ಒಂದು ಭಾನುವಾರ ‘ನಾಗರಹಾವು’ ಬಂತು. ಕೊನೆಯಲ್ಲಿ, ದುರ್ಗದ ಬೆಟ್ಟದ ನೆತ್ತಿಯಿಂದ ಚಾಮಯ್ಯ ಮೇಷ್ಟ್ರು ಕೆಳಗೆ ಬಿದ್ದರು. ಅವರ ಶಿಷ್ಯ ರಾಮಾಚಾರಿ, ಅವನು ಪ್ರೀತಿಸಿದ ಮಾರ್ಗರೆಟ್, ಇಬ್ಬರೂ ಹಾರಿದರು. ಚಾವಡಿಯಲ್ಲಿ ಯಾರೂ ಮಾತಾಡಲಿಲ್ಲ. ದೊಡ್ಡಮ್ಮ ಮಾತ್ರ ತಡ್ಪೆಯನ್ನು ಪಕ್ಕಕ್ಕಿಟ್ಟು, ತುಳುವಿನಲ್ಲಿ, ಯಾರಿಗೆಂದಲ್ಲದೆ ಹೇಳಿದರು: “ನನ ತುಂಗಮ್ಮಗ್ ಏರ್ ಉಲ್ಲೆರ್?” ಇನ್ನು ತುಂಗಮ್ಮನಿಗೆ ಯಾರಿದ್ದಾರೆ?

ನನಗೆ ಆಗ ಆ ಪ್ರಶ್ನೆ ವಿಚಿತ್ರವಾಗಿ ಕೇಳಿಸಿತು. ಸತ್ತವರನ್ನು ಬಿಟ್ಟು, ಆ ಕೊನೆಯ ದೃಶ್ಯದಲ್ಲಿ ಇಲ್ಲವೇ ಇಲ್ಲದ ಮೇಷ್ಟರ ಹೆಂಡತಿಯನ್ನು ನೆನೆಯುವುದೆಂದರೇನು? ಈಗ ಆ ಸಿನಿಮಾವನ್ನು ಎಷ್ಟೋ ಸಲ ನೋಡಿದ ಮೇಲೆ, ಆ ಪ್ರಶ್ನೆಗಿಂತ ದೊಡ್ಡ ಹೊಗಳಿಕೆಯನ್ನು ತುಂಗಮ್ಮನಾಗಿ ನಟಿಸಿದ ಲೀಲಾವತಿಯವರಿಗೆ ಬೇರೆ ಯಾರೂ ಸಲ್ಲಿಸಿಲ್ಲ ಅಂತ ಅನಿಸುತ್ತದೆ. ದೃಶ್ಯದಲ್ಲಿ ಇಲ್ಲದಾಗಲೂ ನೋಡುವವರ ಮನಸ್ಸಿನಲ್ಲಿ ಉಳಿದುಬಿಡುವಂತೆ ಒಂದು ಚಿಕ್ಕ ಪಾತ್ರವನ್ನು ಮಾಡಿ ಹೋಗಿದ್ದರು ಅವರು.

ದೊಡ್ಡಮ್ಮನಿಗೆ ಇನ್ನೊಂದು ಅಭಿಮಾನವೂ ಇತ್ತು. ಲೀಲಾವತಿ “ನಮ್ಮ ಬೆಳ್ತಂಗಡಿಯವರು”. ಬಂಟ್ವಾಳದಿಂದ ಪುಂಜಾಲಕಟ್ಟೆ, ಮಡಂತ್ಯಾರು, ಗುರುವಾಯನಕೆರೆ ದಾಟಿದರೆ ಬೆಳ್ತಂಗಡಿ. ಮೂಡುಬಿದಿರೆಯಿಂದ ಹೋಗುವುದಾದರೆ ವೇಣೂರಿನ ಗೊಮ್ಮಟನ ದಾರಿ. ಎರಡು ದಾರಿಗಳೂ ಗುರುವಾಯನಕೆರೆಯಲ್ಲಿ ಕೂಡುತ್ತವೆ. ದೂರದಲ್ಲಿ ಗಡಾಯಿಕಲ್ಲು, ಅದರ ಹಿಂದೆ ಘಟ್ಟದ ಸಾಲು. ಈ ಬೆಳ್ತಂಗಡಿಯಲ್ಲಿ 1937ರಲ್ಲಿ ಹುಟ್ಟಿದ ಹುಡುಗಿಯ ಹೆಸರು ಲೀಲಾ ಕಿರಣ್. ಎಳವೆಯಲ್ಲೇ ತಂದೆತಾಯಿಯನ್ನು ಕಳೆದುಕೊಂಡಳು. ನಾಟಕದ ಗೀಳು ಅವಳನ್ನು ಘಟ್ಟ ಹತ್ತಿಸಿತು. ಮೈಸೂರಿನ ಕಡೆ ಮಹಾಲಿಂಗ ಭಾಗವತರ ಕಂಪನಿಯಲ್ಲಿ ಬಣ್ಣ ಹಚ್ಚಿ, 1949ರ ‘ನಾಗಕನ್ನಿಕಾ’ದ ಕಾಲಕ್ಕೇ ಸಣ್ಣಪುಟ್ಟ ಪಾತ್ರಗಳಲ್ಲಿ ಸಿನಿಮಾಕ್ಕೆ ಬಂದಳು. 1958ರ ‘ಮಾಂಗಲ್ಯ ಯೋಗ’ದಲ್ಲಿ ನಾಯಕಿಯಾದಳು. 1960ರಲ್ಲಿ ‘ರಾಣಿ ಹೊನ್ನಮ್ಮ’, ‘ರಣಧೀರ ಕಂಠೀರವ’. ಮುಂದಿನ ವರ್ಷ ‘ಕಣ್ತೆರೆದು ನೋಡು’, ಆಮೇಲೆ ‘ಗಾಳಿಗೋಪುರ’, ‘ಕನ್ಯಾರತ್ನ’, ‘ಕುಲವಧು’. ರಾಜಕುಮಾರ್ ಅವರ ಎದುರು ಜನ ಒಪ್ಪಿಕೊಂಡ ಮೊದಲ ಕಾಲದ ಜೋಡಿ ಎಂದರೆ ಇವರದೇ. ಒಟ್ಟು 600ಕ್ಕೂ ಹೆಚ್ಚು ಸಿನಿಮಾ, ಅದರಲ್ಲಿ ಕನ್ನಡದವೇ 400ಕ್ಕೂ ಮಿಕ್ಕಿ.

ನಾಯಕಿಯಾಗಿ ಅವರು ಚೆಂದ. ಯುಗಾದಿ ಬಂತೆಂದರೆ ಇವತ್ತಿಗೂ ರೇಡಿಯೋದಲ್ಲಿ, ಟಿ.ವಿ.ಯಲ್ಲಿ ಕೇಳಿಸುವ ಬೇಂದ್ರೆಯವರ ಯುಗಾದಿ ಪದ್ಯ ‘ಕುಲವಧು’ವಿನದ್ದು, ಎಸ್. ಜಾನಕಿಯವರ ದನಿಗೆ ತುಟಿ ಆಡಿಸಿದವರು ಲೀಲಾವತಿ. ಆದರೆ ನಾನು ಇಲ್ಲಿ ಬರೆಯಹೊರಟದ್ದು ನಾಯಕಿ ಲೀಲಾವತಿಯ ಬಗ್ಗೆ ಅಲ್ಲ. ಅವರ ಕಲೆ ಹಣ್ಣಾದದ್ದು ಪೋಸ್ಟರಿನಲ್ಲಿ ಅವರ ಮುಖ ಸಣ್ಣದಾದ ಮೇಲೆ.

‘ಪೋಷಕ ಪಾತ್ರ’ ಎಂಬ ಶಬ್ದ ನಮ್ಮಲ್ಲಿ ಬಳಕೆಯಲ್ಲಿದೆ, ಪ್ರಶಸ್ತಿಪಟ್ಟಿಯಲ್ಲೂ ಇದೆ. ಆದರೆ ಆ ಕೆಲಸದ ಒಳಗುಟ್ಟು ತಿಳಿಯಬೇಕಾದರೆ ನಮ್ಮ ಸೀಮೆಯ ತಾಳಮದ್ದಳೆಗೆ ಹೋಗಬೇಕು. ಆಟಿಯ ಮಳೆ ಹೊರಗೆ ಸುರಿಯುತ್ತಿರುವಾಗ, ಯಾರದೋ ಮನೆಯ ಚಾವಡಿಯಲ್ಲೋ ದೇವಸ್ಥಾನದ ಗೋಪುರದಲ್ಲೋ, ಬಣ್ಣವಿಲ್ಲದೆ ಕುಣಿತವಿಲ್ಲದೆ, ಬರೀ ಮಾತಿನಲ್ಲಿ ಕರ್ಣನೂ ವಾಲಿಯೂ ಎದ್ದು ನಿಲ್ಲುತ್ತಾರೆ. ಅಲ್ಲಿ ‘ಇದಿರು’ ಎಂಬ ಮಾತಿದೆ. ಇದಿರಿಗೆ ಯಾರು ಕೂತಿದ್ದಾರೆ ಎಂದು ಕೇಳಿಕೊಂಡೇ ರಸಿಕರು ಹೊರಡುತ್ತಾರೆ. ಕರ್ಣಪರ್ವದಲ್ಲಿ ಕರ್ಣ ಎಷ್ಟು ದೊಡ್ಡ ಅರ್ಥಧಾರಿಯಾದರೂ ಸರಿ, ಶಲ್ಯ ಸಪ್ಪೆಯಾದರೆ ಆ ರಾತ್ರಿ ಏಳುವುದಿಲ್ಲ. ಅರ್ಥಧಾರಿ ಶೇಣಿ ಗೋಪಾಲಕೃಷ್ಣ ಭಟ್ಟರ ಹೆಸರಿನ ಜೊತೆಗೆ ಇದಿರಿಗೆ ಕೂರುತ್ತಿದ್ದ ಸಾಮಗರ ಹೆಸರು ಬರುವುದೂ ಅದಕ್ಕೇ. ಇದಿರಿನವರು ಕೇಳಬೇಕು, ತಡೆಯಬೇಕು, ಒಂದು ಎಳೆ ಕೊಟ್ಟು ಇನ್ನೊಂದು ಎಳೆ ಬಿಗಿಹಿಡಿಯಬೇಕು. ಹಾಗೆ ಮಾಡಿದಾಗಲೇ ಎದುರಿನವರ ಮಾತಿಗೆ ಹರಿತ ಬರುತ್ತದೆ. “ಇವತ್ತು ಕರ್ಣನನ್ನು ಬೆಳಗಿಸಿದ್ದು ಶಲ್ಯ” ಎಂದು ಬೆಳಗಿನ ಜಾವ ಹೇಳಿಕೊಂಡು ಮನೆಗೆ ಹೋಗುವ ಜನ ನಮ್ಮವರು.

ಲೀಲಾವತಿ ಕನ್ನಡ ಸಿನಿಮಾದಲ್ಲಿ ಮಾಡಿದ್ದು ಈ ಇದಿರಿನ ಕೆಲಸ.

‘ನಾಗರಹಾವು’ 1972ರದ್ದು. ತರಾಸು ಅವರ ಮೂರು ಕಾದಂಬರಿಗಳನ್ನು ಹೆಣೆದು ಪುಟ್ಟಣ್ಣ ಕಣಗಾಲ್ ಮಾಡಿದ ಸಿನಿಮಾ. ಹೆತ್ತವರ ಮನೆಯಲ್ಲಿ, ಕಾಲೇಜಿನಲ್ಲಿ, ಬೀದಿಯಲ್ಲಿ ರಾಮಾಚಾರಿ ಹೆಡೆಯೆತ್ತಿಯೇ ಇರುತ್ತಾನೆ. ಅವನು ಹೆಡೆ ಇಳಿಸುವುದು ಒಂದೇ ಮನೆಯಲ್ಲಿ: ಮಕ್ಕಳಿಲ್ಲದ ಚಾಮಯ್ಯ ಮೇಷ್ಟರ ಮನೆಯಲ್ಲಿ. ಮೇಷ್ಟರ ಪಾತ್ರಕ್ಕೆ ಕೆ.ಎಸ್. ಅಶ್ವತ್ಥರಿಗೆ ರಾಜ್ಯ ಪ್ರಶಸ್ತಿ ಬಂತು, ಬರಲೇಬೇಕಿತ್ತು. ಕನ್ನಡಿಗರ ಪಾಲಿಗೆ ಮೇಷ್ಟ್ರು ಎಂದರೆ ಇವತ್ತಿಗೂ ಚಾಮಯ್ಯ. ಆದರೆ ಸ್ವಲ್ಪ ನಿಂತು ನೋಡಿ. ಮೇಷ್ಟ್ರಿಗೆ ಶಿಷ್ಯನ ಮೇಲೆ ಪ್ರೀತಿಯಿದೆ, ಆ ಪ್ರೀತಿಯ ಒಳಗೆ ಅಪ್ಪಣೆಯೂ ಇದೆ. ಅವನು ಪ್ರೀತಿಸಿದ ಅಲಮೇಲುವನ್ನು ಬಿಟ್ಟುಬಿಡು ಎಂದು ಹೇಳುವುದು, ಆಮೇಲೆ ಮಾರ್ಗರೆಟ್ಟಳನ್ನು ಒಪ್ಪದೇ ಇರುವುದು, ಎಲ್ಲ ಆ ಅಪ್ಪಣೆಯಿಂದಲೇ. ಕೇಳದ ಪ್ರೀತಿ, ಕಟ್ಟುಪಾಡು ಹಾಕದ ಪ್ರೀತಿ ಆ ಮನೆಯಲ್ಲಿ ತುಂಗಮ್ಮನದು. ಅವಳಿಗೆ ದೊಡ್ಡ ಮಾತುಗಳಿಲ್ಲ, ಚಪ್ಪಾಳೆ ಬೀಳುವ ಸಾಲುಗಳಿಲ್ಲ. ಹುಡುಗ ಬಂದನೆಂದರೆ ಅರಳುವ ಒಂದು ಮುಖ. ಮೇಷ್ಟ್ರು ಮಾತಾಡುತ್ತಿರುವಾಗ ಅವರ ಮಾತನ್ನು ಕೇಳುತ್ತ, ಕಣ್ಣು ಮಾತ್ರ ಹುಡುಗನ ಮೇಲೆ ಇಟ್ಟಿರುವ ಒಬ್ಬ ಹೆಂಗಸು.

ಕೇಳುವುದನ್ನು ಅಭಿನಯಿಸುವುದು ಮಾತಾಡುವುದನ್ನು ಅಭಿನಯಿಸುವುದಕ್ಕಿಂತ ಕಷ್ಟ. ನಟಿ ತನ್ನ ಸರದಿ ಕಾಯುತ್ತಿದ್ದಾಳೆ ಎಂದು ಒಂದು ಕ್ಷಣ ಅನಿಸಿದರೂ ದೃಶ್ಯ ಒಡೆದುಹೋಗುತ್ತದೆ. ಲೀಲಾವತಿ ಹಾಗೆ ಕಾಯುವುದು ನನಗೆ ಎಲ್ಲೂ ಕಂಡಿಲ್ಲ. ಎದುರಿನವರ ಮಾತು ಅವರ ಮುಖದ ಮೇಲೆ ಮೊದಲು ಬಿದ್ದು, ಆಮೇಲೆ ನಮ್ಮನ್ನು ತಲುಪುತ್ತದೆ. ಬಸದಿಯ ಕತ್ತಲೆಯಲ್ಲಿ ದೀಪದ ಬೆಳಕು ನಯವಾದ ಕಂಬಕ್ಕೆ ತಾಗಿ ಹರಡುವುದನ್ನು ಮೂಡುಬಿದಿರೆಯವರು ನೋಡಿರುತ್ತಾರೆ. ದೀಪ ಒಂದೇ, ಆದರೆ ಗರ್ಭಗುಡಿಯ ಮುಂದಿನ ಜಾಗಕ್ಕೆ ಬೆಳಕು ಬರುವುದು ಆ ಕಂಬಗಳಿಂದ. ಅಶ್ವತ್ಥರ ಚಾಮಯ್ಯ ಮನೆಯೊಳಗೆ ಇರುವ ದೃಶ್ಯಗಳನ್ನು ನೋಡುವಾಗ ನನಗೆ ಸಾವಿರ ಕಂಬದ ಬಸದಿಯ ಆ ಬೆಳಕು ನೆನಪಾಗುತ್ತದೆ.

‘ನಾಗರಹಾವು’ ಬಂದಾಗ ಅವರಿಗೆ 35 ವರ್ಷ. ಅದಕ್ಕೂ ಮೂರು ವರ್ಷ ಹಿಂದೆ, 1969ರಲ್ಲಿ, ಅವರು ತೆರೆಯ ಮೇಲೆ ನಟಿ ಕಲ್ಪನಾ ಅವರಿಗೆ ತಾಯಿಯಾಗಿದ್ದರು. ಕಲ್ಪನಾ ಹುಟ್ಟಿದ್ದು 1943ರಲ್ಲಿ. ಅವರೂ ದಕ್ಷಿಣ ಕನ್ನಡದ ಮಗಳೇ. ತಾಯಿಗೂ ಮಗಳಿಗೂ ಆರೇ ವರ್ಷದ ಅಂತರ. ನಾಯಕಿಯಾಗಿ ಬೇಡಿಕೆ ಇನ್ನೂ ಇರುವಾಗಲೇ ತಲೆಗೆ ನರೆಯ ಬಣ್ಣ ಬಳಿದುಕೊಳ್ಳಲು ಒಪ್ಪುವುದು ಆ ಕಾಲದಲ್ಲಿ ಸಣ್ಣ ಧೈರ್ಯವಲ್ಲ. ಒಮ್ಮೆ ತಾಯಿಯಾದವಳನ್ನು ನಿರ್ಮಾಪಕರು ಮತ್ತೆ ಹೆಂಡತಿಯಾಗಲು ಬಿಡುತ್ತಿರಲಿಲ್ಲ. ಲೀಲಾವತಿ ಆ ಗೆರೆಯನ್ನು ದಾಟಿಯೂ ಹಿಂದಕ್ಕೆ ಬಂದರು. ಕಲ್ಪನಾಗೆ ತಾಯಿಯಾದ ಮೇಲೆಯೂ ‘ಸಿಪಾಯಿ ರಾಮು’ವಿನಲ್ಲಿ, ‘ಭಕ್ತ ಕುಂಬಾರ’ದಲ್ಲಿ ರಾಜಕುಮಾರ್ ಜೊತೆಗೆ ನಿಂತರು. ವಯಸ್ಸು ಅವರಿಗೆ ಒಂದು ವೇಷ, ಅಷ್ಟೇ. ಕಟ್ಟಿಕೊಂಡರು, ಬಿಚ್ಚಿಟ್ಟರು.

ಕಲ್ಪನಾಗೆ ತಾಯಿಯಾದ ಆ ಸಿನಿಮಾ ‘ಗೆಜ್ಜೆಪೂಜೆ’. ಎಂ.ಕೆ. ಇಂದಿರಾ ಅವರ ಕಾದಂಬರಿ, ಪುಟ್ಟಣ್ಣನವರ ನಿರ್ದೇಶನ. ಚಿತ್ರಕಥೆಗೆ ರಾಷ್ಟ್ರಪ್ರಶಸ್ತಿ ಬಂತು, ಆ ವರ್ಷದ ಅತ್ಯುತ್ತಮ ಕನ್ನಡ ಚಿತ್ರವೂ ಅದೇ ಆಯಿತು. ಜನ ಅದನ್ನು ಕಲ್ಪನಾ ಅವರ ಸಿನಿಮಾ ಎಂದೇ ನೆನೆಯುತ್ತಾರೆ, ನೆನೆಯಬೇಕಾದದ್ದೇ. ಓದಿ ಮುಂದೆ ಬರಬೇಕೆಂದು, ಮದುವೆಯಾಗಿ ಎಲ್ಲರಂತೆ ಬಾಳಬೇಕೆಂದು ಹಂಬಲಿಸುವ ಚಂದ್ರಾ, ಗೆಜ್ಜೆ ಕಟ್ಟಿಸುವ ಕುಲಪದ್ಧತಿಗೆ ಸಿಕ್ಕಿ ಕೊನೆಗೆ ತಾನೇ ಸಾವನ್ನು ತಂದುಕೊಳ್ಳುತ್ತಾಳೆ. ಎಳೆಯ ಹುಡುಗಿಯ ಆ ಸಾವಿನ ಮುಂದೆ ಬೇರೆ ಯಾವುದೂ ಕಣ್ಣಿಗೆ ಬೀಳುವುದಿಲ್ಲ. ಆದರೂ ಎರಡನೆಯ ಸಲ ನೋಡುವಾಗ ನನ್ನ ಕಣ್ಣು ತಾಯಿ ಅಪರ್ಣಾಳ ಹಿಂದೆ ಹೋಯಿತು, ಮತ್ತೆ ಹಿಂದಿರುಗಲಿಲ್ಲ.

ಅಪರ್ಣಾ ಎರಡು ತಲೆಮಾರುಗಳ ನಡುವೆ ಅರೆದುಹೋಗುವವಳು. ಅತ್ತ ಮನೆಯ ಹಿರಿಯಾಕೆಯ ಹಠ, ಇತ್ತ ಮಗಳ ಕನಸು. ಅವಳೂ ಒಂದು ಕಾಲದಲ್ಲಿ ಒಬ್ಬ ಗಂಡಸಿನ ಮಾತು ನಂಬಿದ್ದಳು; ಅವನು ಹೊರಟುಹೋದ. ಹಾಗಾಗಿ ಮಗಳ ಕನಸು ಅವಳಿಗೆ ಹೊಸದಲ್ಲ. ತಾನು ಕಂಡದ್ದೇ, ಮುರಿದದ್ದೇ. ಮಗಳು ನಗುವಾಗ ತಾಯಿಯ ಮುಖದಲ್ಲಿ ಸಂತೋಷ ಬರುತ್ತದೆ, ಅದರ ಬೆನ್ನಿಗೇ ಒಂದು ಅಂಜಿಕೆ ಸುಳಿಯುತ್ತದೆ. ಲೀಲಾವತಿ ಈ ಎರಡನ್ನೂ ಒಂದೇ ಉಸಿರಿನಲ್ಲಿ ತಂದುಬಿಡುತ್ತಾರೆ. ಇದು ಸಂತೋಷ, ಇದು ಭಯ ಎಂದು ಬಿಡಿಸಿ ತೋರಿಸುವುದಿಲ್ಲ. ಸಿನಿಮಾದ ಆರಂಭದಲ್ಲಿ ಎಳೆಗೂಸನ್ನು ಆಡಿಸುವ ತಾಯಿಗೆ ಜಾನಕಿಯವರ ದನಿಯಲ್ಲಿ ಒಂದು ಜೋಗುಳವಿದೆ. ಆ ಹಾಡಿನಲ್ಲಿ ಕಾಣುವ ಚಿಕ್ಕ ವಯಸ್ಸಿನ ತಾಯಿಯೂ, ಕೊನೆಯ ಭಾಗದಲ್ಲಿ ಹೆಗಲು ಬಗ್ಗಿಸಿಕೊಂಡು ಓಡಾಡುವ ತಾಯಿಯೂ ಒಬ್ಬಳೇ ಎಂದು ನಂಬಿಸಿದ್ದು ಬರೀ ಬಣ್ಣವಲ್ಲ. ಮೊದಲಿನ ಅಪರ್ಣಾ ಎದುರಿನವರ ಮುಖ ನೋಡಿ ಮಾತಾಡುತ್ತಾಳೆ. ಕೊನೆಯವಳ ನೋಟ ಮಾತಿನ ನಡುವೆಯೇ ನೆಲಕ್ಕಿಳಿಯುತ್ತದೆ. ಇಡೀ ಬದುಕು ಅಷ್ಟರಲ್ಲೇ ತಿಳಿಯುತ್ತದೆ.

ಮತ್ತೆ ಆ ದನಿ. ಕರಾವಳಿಯ ಕನ್ನಡದ ಸುಳಿವೂ ಇಲ್ಲದ, ಮೈಸೂರಿನ ಮನೆಗಳ ಒಳಗಿಂದ ಬಂದಂಥ ಕನ್ನಡ ಅವರದು. ನಾಟಕ ಕಂಪನಿಯಲ್ಲಿ ಪಳಗಿದ ದನಿಯಾದ್ದರಿಂದ ಕೊನೆಯ ಸಾಲಿನ ಪ್ರೇಕ್ಷಕನಿಗೂ ಅಕ್ಷರ ಅಕ್ಷರ ಕೇಳುತ್ತದೆ. ಆದರೆ ದುಃಖದ ಮಾತಿನಲ್ಲಿ ಅವರು ಗಟ್ಟಿಯಾಗುತ್ತಿರಲಿಲ್ಲ, ತೆಳ್ಳಗಾಗುತ್ತಿದ್ದರು. ಸಾಲು ಮುಗಿಯುವ ಮೊದಲೇ ಗಂಟಲು ಕಟ್ಟುತ್ತದೆ. ಉಳಿದ ಒಂದೆರಡು ಶಬ್ದವನ್ನು ಅವರು ಹೇಳುತ್ತಾರೋ ನುಂಗುತ್ತಾರೋ ಎಂದು ನಾವು ಮುಂದಕ್ಕೆ ಬಾಗುತ್ತೇವೆ. ‘ಗೆಜ್ಜೆಪೂಜೆ’ಗೆ ಅವರಿಗೆ ಅತ್ಯುತ್ತಮ ಪೋಷಕ ನಟಿ ಎಂದು ರಾಜ್ಯ ಪ್ರಶಸ್ತಿ ಬಂತು. ಇಪ್ಪತ್ತು ವರ್ಷ ಕಳೆದು ‘ಡಾಕ್ಟರ್ ಕೃಷ್ಣ’ ಚಿತ್ರಕ್ಕೆ ಅದೇ ಪ್ರಶಸ್ತಿ ಮತ್ತೆ ಬಂತು.

ತಾಯಿಯ ಪಾತ್ರಕ್ಕೆ ನಮ್ಮ ಸಿನಿಮಾಗಳಲ್ಲಿ ಒಂದು ಅಚ್ಚು ಸಿದ್ಧವಾಗಿರುತ್ತದೆ: ಹೊಲಿಗೆ ಯಂತ್ರ, ದೇವರ ಪಟ, ಕೆಮ್ಮು. ಆ ಅಚ್ಚಿನಲ್ಲಿ ಬಿದ್ದ ಪಾತ್ರಗಳನ್ನೂ ಲೀಲಾವತಿ ಬೇಕಾದಷ್ಟು ಮಾಡಿದ್ದಾರೆ, ಅವುಗಳಲ್ಲಿ ಹಲವನ್ನು ಮರೆತರೂ ನಷ್ಟವಿಲ್ಲ. ಆದರೆ ‘ಭಕ್ತ ಕುಂಬಾರ’ವನ್ನು ಮರೆಯುವಂತಿಲ್ಲ. 1974ರ ಆ ಸಿನಿಮಾದಲ್ಲಿ ವಿಠ್ಠಲನ ಧ್ಯಾನದಲ್ಲಿ ಮೈಮರೆತ ಗೋರ, ಮಣ್ಣು ತುಳಿಯುತ್ತ ತನ್ನ ಕೂಸನ್ನೇ ತುಳಿದುಬಿಡುತ್ತಾನೆ. ಥಿಯೇಟರಿನ ತುಂಬ ಭಕ್ತಿ. ರಾಜಕುಮಾರ್ ಅವರ ಮುಖದ ಆ ಪರವಶತೆ, ಪಿ.ಬಿ. ಶ್ರೀನಿವಾಸ್ ಅವರ ಕಂಠ. ಜನರ ಮನಸ್ಸು ಪೂರ್ತಿ ಗೋರನ ಕಡೆ, ದೇವರ ಕಡೆ. ಅಂಥ ಹೊತ್ತಿನಲ್ಲಿ ಒಬ್ಬ ತಾಯಿ ಬಂದು ಆ ಭಕ್ತಿಯನ್ನೇ ಪ್ರಶ್ನಿಸಬೇಕು. ನನ್ನ ಮಗು ಎಲ್ಲಿ ಎಂದು ಕೇಳಬೇಕು. ಪ್ರೇಕ್ಷಕರಿಗೆ ಅವಳ ಮೇಲೆ ಸಿಟ್ಟು ಬರಬಾರದು, ಗೋರನ ಮೇಲಿನ ಗೌರವವೂ ಕುಂದಬಾರದು. ತಾಳಮದ್ದಳೆಯವರಿಗೆ ಗೊತ್ತು, ಇದಕ್ಕಿಂತ ಕಷ್ಟದ ಇದಿರು ಇಲ್ಲ. ಲೀಲಾವತಿಯವರ ಆ ಸಂಕಟದಲ್ಲಿ ದೇವರಿಗೂ ಉತ್ತರ ಕೊಡಲಾಗದ ಒಂದು ಪ್ರಶ್ನೆಯಿದೆ. ಆ ಪ್ರಶ್ನೆಯ ಭಾರ ಇರುವುದರಿಂದಲೇ ಮುಂದೆ ವಿಠ್ಠಲ ಮಾಡುವ ಪವಾಡಕ್ಕೆ ತೂಕ ಬರುತ್ತದೆ.

ತಮಿಳಿನಲ್ಲೂ ಅವರು ಹೀಗೊಂದು ಅಪರೂಪದ ಪಾತ್ರ ಮಾಡಿದ್ದಾರೆ. 1977ರ ಕೆ. ಬಾಲಚಂದರ್ ಅವರ ‘ಅವರ್‌ಗಳ್’. ರಜನಿಕಾಂತ್ ಅದರಲ್ಲಿ ಹೆಂಡತಿಯನ್ನು ಹಿಂಸಿಸುವ ಗಂಡ, ಸುಜಾತಾ ಆ ಹೆಂಡತಿ, ಲೀಲಾವತಿ ಗಂಡನ ತಾಯಿ. ಮಗನಿಂದ ನೊಂದ ಸೊಸೆಯ ಋಣ ತೀರಿಸಲೆಂದು ಅತ್ತೆಯೇ ಅವಳ ಮನೆಯಲ್ಲಿ ಕೆಲಸದಾಕೆಯಾಗಿ ಸೇರಿಕೊಳ್ಳುತ್ತಾಳೆ. ಕಾಗದದ ಮೇಲೆ ನಂಬಲಾಗದ ಸಂಗತಿ ಇದು. ತೆರೆಯ ಮೇಲೆ ನಂಬುತ್ತೇವೆ, ಏಕೆಂದರೆ ಆ ಅತ್ತೆ ತ್ಯಾಗ ಮಾಡುತ್ತಿದ್ದೇನೆ ಎಂಬ ಮುಖ ಹೊತ್ತು ಓಡಾಡುವುದಿಲ್ಲ. ಪಾತ್ರೆ ಬೆಳಗುವವರ ಹಾಗೆ ಪಾತ್ರೆ ಬೆಳಗುತ್ತಾಳೆ. ಕೊನೆಗೆ ಸೊಸೆ ಊರು ಬಿಟ್ಟು ರೈಲು ಹತ್ತಿದಾಗ ಜೊತೆಗಿರುವುದು ಅವಳನ್ನು ಪ್ರೀತಿಸಿದ ಗಂಡಸರು ಯಾರೂ ಅಲ್ಲ, ಈ ಅತ್ತೆ.

ಹೊರದೇಶದ ಒಬ್ಬರ ನೆನಪು ಇಲ್ಲಿ ತಾನಾಗಿ ಬರುತ್ತದೆ. ಮೆಕ್ಸಿಕೋದ ಹಳೆಯ ಸಿನಿಮಾದಲ್ಲಿ ಸಾರಾ ಗಾರ್ಸಿಯಾ ಎಂಬ ನಟಿಯಿದ್ದರು. 1895ರಲ್ಲಿ ಹುಟ್ಟಿ 1980ರಲ್ಲಿ ತೀರಿಕೊಂಡರು. ಇಡೀ ದೇಶ ಅವರನ್ನು ಮೆಕ್ಸಿಕೋದ ಅಜ್ಜಿ ಎಂದೇ ಕರೆಯಿತು. ಇನ್ನೂ ವಯಸ್ಸಾಗುವ ಮೊದಲೇ, ಅಜ್ಜಿಯ ಪಾತ್ರ ಸಹಜವಾಗಿ ಕಾಣಲಿ ಎಂದು ಬಾಯಿಯ ಹಲ್ಲುಗಳನ್ನು ಕೀಳಿಸಿಕೊಂಡವರು ಅವರು. ಪೆದ್ರೋ ಇನ್‌ಫಾಂತೆಯಂಥ ದೊಡ್ಡ ನಾಯಕನಟನ ಎದುರಿಗೆ ನಿಂತು, ಗದರಿಸಿ, ಮುದ್ದಿಸಿ, ಅವನನ್ನು ಜನರ ಮೊಮ್ಮಗನನ್ನಾಗಿ ಮಾಡಿದರು. ಅಲ್ಲಿನ ಒಂದು ಚಾಕೊಲೇಟಿನ ಪೊಟ್ಟಣದ ಮೇಲೆ ಇವತ್ತಿಗೂ ಅವರ ಚಿತ್ರವಿದೆ. ಅಡುಗೆಮನೆಯ ಕಪಾಟಿನಲ್ಲಿ ಒಬ್ಬ ಪೋಷಕ ನಟಿಯ ಮುಖವನ್ನು ಇಟ್ಟುಕೊಂಡ ಜನ ಅವರು. ನಮ್ಮಲ್ಲಿ ಪಂಢರಿಬಾಯಿ, ಲೀಲಾವತಿ ಅಂಥ ಮುಖಗಳು. ನಮ್ಮ ಮನೆಗಳಲ್ಲಿ ಅವರ ಚಿತ್ರ ಇಲ್ಲದಿದ್ದರೂ, ಪರದೆಯ ಮೇಲೆ ಕಂಡ ಕೂಡಲೇ ಹೆಂಗಸರು ಹೆಸರು ಹಿಡಿದು ಕರೆಯುತ್ತಿದ್ದರು, ಪಕ್ಕದ ಮನೆಯವರು ಅಂಗಳಕ್ಕೆ ಬಂದ ಹಾಗೆ.

ಒಂದು ಮಾತು ಹೇಳಲೇಬೇಕು. ನಾಯಕನ ಜಯಂತಿ, ಕಟೌಟು, ಹಾಲಿನ ಅಭಿಷೇಕ, ಇವುಗಳಲ್ಲಿ ನಮ್ಮ ಕನ್ನಡಿಗರು ಹಿಂದೆ ಬಿದ್ದಿಲ್ಲ. ಆದರೆ ಆ ನಾಯಕನ ಎದುರು ನಿಂತು ಅವನ ಮಾತಿಗೆ ಅರ್ಥ ತಂದವರ ಕೆಲಸವನ್ನು ದೃಶ್ಯ ದೃಶ್ಯವಾಗಿ ಬಿಡಿಸಿ ನೋಡುವ ಅಭ್ಯಾಸ ನಮಗೆ ಬರಲಿಲ್ಲ. ರಾತ್ರಿಯಿಡೀ ಕೂತು, ಶಲ್ಯನ ಒಂದೊಂದು ಮಾತನ್ನು ತೂಗಿ ನೋಡುವ ನಮ್ಮ ಸೀಮೆಯ ರಸಿಕರಾದರೂ ಆ ಕೆಲಸ ಮಾಡಬಹುದಿತ್ತು. ಬೆಳ್ತಂಗಡಿಯವರು ಎಂಬ ಹೆಮ್ಮೆ ನಮಗೆ ಸಾಕಾಯಿತು, ಅವರ ಕಲೆಯ ವಿಚಾರಕ್ಕೆ ನಾವು ಹೋಗಲಿಲ್ಲ. ಇದು ನನಗೆ ನೋವಿನ ವಿಷಯ.

ಲೀಲಾವತಿ ಊರಿಗೆ ಹಿಂದಿರುಗಿ ನೆಲಸಲಿಲ್ಲ. ನೆಲಮಂಗಲದ ಬಳಿಯ ಸೋಲದೇವನಹಳ್ಳಿಯಲ್ಲಿ ಜಮೀನು ಮಾಡಿ, ಮಗ, ನಟ ವಿನೋದ್ ರಾಜ್ ಜೊತೆಗೆ ಅಲ್ಲೇ ಬೇಸಾಯ ಮಾಡಿಕೊಂಡು ಇದ್ದರು. ಡಾ. ರಾಜಕುಮಾರ್ ಹೆಸರಿನ ಪ್ರಶಸ್ತಿ ಬಂತು, 2008ರಲ್ಲಿ ತುಮಕೂರು ವಿಶ್ವವಿದ್ಯಾಲಯ ಗೌರವ ಡಾಕ್ಟರೇಟ್ ಕೊಟ್ಟಿತು. ಆದರೆ ಅವರ ಕೊನೆಯ ವರ್ಷಗಳ ದೊಡ್ಡ ಕೆಲಸ ಬೇರೆಯೇ. ಹಳ್ಳಿಯವರು ವೈದ್ಯರಿಗಾಗಿ ದೂರ ಹೋಗಬೇಕಲ್ಲ ಎಂದು ಸ್ವಂತ ಖರ್ಚಿನಲ್ಲಿ ಅಲ್ಲೊಂದು ಆಸ್ಪತ್ರೆ ಕಟ್ಟಿಸಿದರು. ಅದಾದ ಮೇಲೆ ದನಕರುಗಳಿಗೂ ಒಂದು ಆಸ್ಪತ್ರೆ. ಅದು ಬಾಗಿಲು ತೆರೆದದ್ದು 2023ರ ನವೆಂಬರ್ ಕೊನೆಗೆ, ಅವರು ಹಾಸಿಗೆ ಹಿಡಿದಿದ್ದ ದಿನಗಳಲ್ಲಿ. ಹತ್ತೇ ದಿನ ಕಳೆದು, ಡಿಸೆಂಬರ್ 8ರಂದು ಅವರು ತೀರಿಕೊಂಡರು.

ದೊಡ್ಡಮ್ಮ ಅದಕ್ಕೂ ಮೊದಲೇ ಹೋಗಿದ್ದರು. ಲೀಲಾವತಿಯವರು ತೀರಿಕೊಂಡ ಸುದ್ದಿ ಬಂದ ರಾತ್ರಿ ನಾನು ಮನೆಯಲ್ಲಿ ‘ನಾಗರಹಾವು’ ಹಾಕಿ ಕೂತೆ. ಬೆಟ್ಟದ ದೃಶ್ಯಗಳನ್ನು ಬಿಟ್ಟು, ಮೇಷ್ಟರ ಮನೆಯ ದೃಶ್ಯಗಳನ್ನಷ್ಟೇ ಹುಡುಕಿ ನೋಡಿದೆ. ಇಡೀ ಸಿನಿಮಾ ನೋಡಿದಂತೆ ತೃಪ್ತಿಯಾಯಿತು.

ನೀವೂ ಒಮ್ಮೆ ನೋಡಿ. ಚಾಮಯ್ಯ ಮೇಷ್ಟ್ರು ಮನೆಯಲ್ಲಿ ಮಾತಾಡುವಾಗ ಅವರನ್ನು ಸ್ವಲ್ಪ ಹೊತ್ತು ಬಿಟ್ಟು, ಪಕ್ಕದಲ್ಲಿ ನಿಂತು ಕೇಳುತ್ತಿರುವ ತುಂಗಮ್ಮನ ಮುಖವನ್ನು ನೋಡಿ.